ಕಾಟ್ರಿಜ್‌ನ ತಳ ಏನು ಹೇಳುತ್ತದೆ, ಏನು ಹೇಳುವುದಿಲ್ಲ

(ಇತಿಹಾಸದ ವಿದ್ಯಾರ್ಥಿಗಳ ಮುಂದೆ ಮಾಡಿದ ಉಪನ್ಯಾಸದ ಬರಹ ರೂಪ. ಪರದೆಯ ಮೇಲೆ ತೋರಿಸಿದ ಫೋಟೋಗಳನ್ನು ಇಲ್ಲಿ ಮಾತಿನಲ್ಲೇ ವಿವರಿಸಿದ್ದೇನೆ. ಕೊನೆಗೆ ಬಂದ ಪ್ರಶ್ನೆಗಳನ್ನೂ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಪರದೆಯ ಮೇಲೆ ಒಂದು ಫೋಟೋ ಇದೆ, ನೋಡಿ. ಮಾಸಿದ ಹಿತ್ತಾಳೆಯ ಒಂದು ವೃತ್ತ. ನಡುವೆ ಇನ್ನೊಂದು ಚಿಕ್ಕ ವೃತ್ತ, ಅದರ ಅಂಚಿಗೆ ನೇರಳೆ ಬಣ್ಣದ ತೆಳು ಗೆರೆ. ಸುತ್ತಲೂ ನಾಲ್ಕೈದು ಗುರುತು. ಇದು .303 ರೈಫಲ್ ಕಾಟ್ರಿಜ್‌ನ ತಳ. .303 ಅಂದರೆ ಬಂದೂಕಿನ ನಳಿಗೆಯ ಒಳಗಲ, ಇಂಚಿನ ಲೆಕ್ಕದಲ್ಲಿ. ತಳದ ಅಡ್ಡಗಲ ಒಂದೂವರೆ ಸೆಂಟಿಮೀಟರ್ ಕೂಡ ಇಲ್ಲ. ಇಷ್ಟು ಜಾಗದಲ್ಲಿ ಇದನ್ನು ಯಾವ ಕಾರ್ಖಾನೆ ಮಾಡಿತು, ಯಾವ ವರ್ಷ ಮಾಡಿತು, ಯಾವ ಬಗೆಯ ಗುಂಡು ಹಾಕಿತ್ತು ಅನ್ನುವ ಮೂರೂ ವಿಷಯ ಇದೆ.

ಇವತ್ತು ಇದನ್ನು ಓದುವುದು ಹೇಗೆ ಅಂತ ಹೇಳುತ್ತೇನೆ. ಓದಿದ ಮೇಲೆ ಎಲ್ಲಿ ನಿಲ್ಲಬೇಕು ಅನ್ನುವುದನ್ನೂ ಹೇಳುತ್ತೇನೆ. ನನಗೆ ಎರಡನೆಯದೇ ಹೆಚ್ಚು ಮುಖ್ಯ. ಯಾಕೆಂದರೆ ಈ ಅಕ್ಷರಗಳನ್ನು ಸರಿಯಾಗಿಯೇ ಓದಿ, ಅದರ ಆಧಾರದ ಮೇಲೆ ಸಾವಿರಾರು ಜನರ ಕೊಲೆಯನ್ನು ಬೇರೆಯವರ ತಲೆಗೆ ಕಟ್ಟಲು ನೋಡಿದ ಘಟನೆ ನಡೆದಿದೆ. ಅದಕ್ಕೆ ಆಮೇಲೆ ಬರುತ್ತೇನೆ.

ಮೊದಲು ಒಂದು ಸಣ್ಣ ವಿಷಯ ಬಗೆಹರಿಸಿಕೊಳ್ಳೋಣ. ಪತ್ರಿಕೆಗಳಲ್ಲಿ 'ಐದು ಜೀವಂತ ಗುಂಡು ವಶ' ಅಂತ ಬರುತ್ತದೆ, ಅಲ್ವಾ? ಅಲ್ಲಿ ಗುಂಡು ಅಂದರೆ ಇಡೀ ಕಾಟ್ರಿಜ್. ಕಾಟ್ರಿಜ್‌ನಲ್ಲಿ ನಾಲ್ಕು ಭಾಗ ಇರುತ್ತವೆ. ಹಾರಿ ಹೋಗುವ ಗುಂಡು, ಮದ್ದು, ಮದ್ದಿಗೆ ಬೆಂಕಿ ಕೊಡುವ ಪ್ರೈಮರ್, ಇವೆಲ್ಲವನ್ನೂ ಹಿಡಿದಿಟ್ಟುಕೊಂಡ ಕೊಳವೆ. ಕುದುರೆ, ಅಂದರೆ ಟ್ರಿಗರ್, ಎಳೆದಾಗ ಬಂದೂಕಿನ ಪಿನ್ನು ಪ್ರೈಮರ್‌ಗೆ ಬಡಿಯುತ್ತದೆ. ಮದ್ದು ಉರಿದು ಗುಂಡು ಹೊರಗೆ ಹೋಗುತ್ತದೆ. ಖಾಲಿ ಕೊಳವೆ ಕೆಳಗೆ ಬೀಳುತ್ತದೆ. ಗುಂಡು ಗೋಡೆಗೋ ಮೂಳೆಗೋ ಬಡಿದು ನಜ್ಜುಗುಜ್ಜಾಗಬಹುದು, ಸಿಗದೇ ಹೋಗಬಹುದು. ಕೊಳವೆ ಮಾತ್ರ ಹಾರಿಸಿದ ಜಾಗದಲ್ಲೇ, ತಳದ ಅಕ್ಷರ ಹಾಗೇ ಇಟ್ಟುಕೊಂಡು ಬಿದ್ದಿರುತ್ತದೆ. ಇತಿಹಾಸ ಬರೆಯುವವರಿಗೂ ತನಿಖೆ ಮಾಡುವವರಿಗೂ ಅದು ಬೆಲೆಯುಳ್ಳ ವಸ್ತು.

ಲೋಹದ ಕೊಳವೆ ಬರುವ ಮೊದಲು ಇದೆಲ್ಲ ಇರಲಿಲ್ಲ. 1857ರ ಎನ್‌ಫೀಲ್ಡ್ ಬಂದೂಕಿನ ಕಾಟ್ರಿಜ್ ಕಾಗದದ್ದು. ಹಸು, ಹಂದಿಯ ಕೊಬ್ಬು ಸವರಿದ್ದಾರೆ ಅನ್ನುವ ಸುದ್ದಿ ಅದೇ ವರ್ಷದ ಜನವರಿಯಲ್ಲಿ ಕಲ್ಕತ್ತಾ ಹತ್ತಿರದ ಡಮ್‌ಡಮ್‌ನಲ್ಲಿ ಹಬ್ಬಿತು. ವರ್ಷದ ಕೊನೆಯಲ್ಲಿ ನಮ್ಮ ಹಲಗಲಿಯ ಬೇಡರು ಆಯುಧ ಒಪ್ಪಿಸುವುದಿಲ್ಲ ಅಂತ ಎದ್ದು ನಿಂತರು. ಆ ಕಾಲದ ಬಂದೂಕಿನಲ್ಲಿ ಕಾಗದದ ಕಾಟ್ರಿಜ್‌ನ ತುದಿ ಹರಿದು ಮದ್ದು ಸುರಿಯುತ್ತಿದ್ದರು. ಹಾರಿಸಿದ ಮೇಲೆ ಓದಲು ಏನೂ ಉಳಿಯುತ್ತಿರಲಿಲ್ಲ. ಹತ್ತೊಂಬತ್ತನೇ ಶತಮಾನದ ಕೊನೆಯ ದಶಕಗಳಲ್ಲಿ ಹಿತ್ತಾಳೆ ಕೊಳವೆ ಎಲ್ಲ ಕಡೆ ಬಂತು. ಅದರ ಜೊತೆ ತಳದ ಮುದ್ರೆಯೂ ಬಂತು.

ಮುದ್ರೆ ಬೀಳುವುದು ಹೀಗೆ. ಹಿತ್ತಾಳೆ ತಗಡಿನಿಂದ ಬಿಲ್ಲೆ ಕತ್ತರಿಸುತ್ತಾರೆ. ಬಿಲ್ಲೆಯನ್ನು ಬಟ್ಟಲಿನಂತೆ ಒತ್ತುತ್ತಾರೆ. ಬಟ್ಟಲನ್ನು ಹಂತ ಹಂತವಾಗಿ ಎಳೆದು ಉದ್ದ ಮಾಡುತ್ತಾರೆ. ಆಮೇಲೆ ತಳವನ್ನು ಜೋರಾಗಿ ಒತ್ತಿ ಪ್ರೈಮರ್ ಕೂರುವ ಗುಳಿ ಮಾಡುವಾಗ, ಉಲ್ಟಾ ಅಕ್ಷರ ಕೊರೆದ ಉಕ್ಕಿನ ಅಚ್ಚು ತಳಕ್ಕೆ ಒತ್ತಿಕೊಳ್ಳುತ್ತದೆ. ಕಾರ್ಖಾನೆಗೆ ಇದು ಲೆಕ್ಕದ ವಿಷಯ. ಯುದ್ಧದಲ್ಲಿ ಕಾಟ್ರಿಜ್ ಸಿಡಿಯದೇ ಹೋದರೆ, ಕೊಳವೆ ಸೀಳಿದರೆ, ಅದು ಯಾರ ಕೆಲಸ, ಯಾವ ಸಾಲಿನದು ಅಂತ ಹಿಂದಕ್ಕೆ ಹುಡುಕಬೇಕು. ನಮ್ಮಂಥವರಿಗಾಗಿ ಯಾರೂ ಇದನ್ನು ಬರೆದಿಲ್ಲ. ಇದು ನೆನಪಿರಲಿ. ಬರೆದವರ ಉದ್ದೇಶ ಮರೆತರೆ ಓದುವಾಗ ದಾರಿ ತಪ್ಪುತ್ತೇವೆ.

ಈಗ ಆ ಫೋಟೋಗೆ ವಾಪಸ್ ಬರೋಣ. ಮೇಲೆ ಎಡಕ್ಕೆ ಇಂಗ್ಲಿಷಿನ 'ಕೆ', ಬಲಕ್ಕೆ 'ಎಫ್', ಎರಡರ ಮಧ್ಯೆ ಅಗಲ ಮೊನೆಯ ಒಂದು ಪುಟ್ಟ ಬಾಣ. ಇನ್ನೊಂದು ಕಡೆ 43. ಅದರ ಪಕ್ಕ ರೋಮನ್ ಅಂಕಿಯಲ್ಲಿ ಏಳು.

'ಕೆಎಫ್' ಅಂದರೆ ಕಿರ್ಕಿ, ಈಗಿನ ಪುಣೆಯ ಖಡ್ಕಿಯ ಮದ್ದುಗುಂಡು ಕಾರ್ಖಾನೆ. 1869ರಲ್ಲಿ ಶುರುವಾದದ್ದು ಇಂದಿಗೂ ನಡೆಯುತ್ತಿದೆ. 2021ರ ಅಕ್ಟೋಬರ್‌ನಿಂದ ಮ್ಯೂನಿಷನ್ಸ್ ಇಂಡಿಯಾ ಕಂಪನಿಯ ಕೆಳಗಿದೆ. ನಡುವಿನ ಬಾಣ ಬ್ರಿಟಿಷ್ ಸರ್ಕಾರದ ಸ್ವತ್ತು ಅನ್ನುವ ಗುರುತು. ಹಳೇ ಬ್ರಿಟಿಷ್ ಬಯೋನೆಟ್, ನೀರಿನ ಬಾಟಲಿ, ಅಳತೆ ಪಟ್ಟಿ ಎಲ್ಲದರ ಮೇಲೂ ಇದೇ ಬಾಣ ಸಿಗುತ್ತದೆ. ಡಮ್‌ಡಮ್ ಕಾರ್ಖಾನೆಯದಾದರೆ ಬಾಣದ ಎರಡೂ ಪಕ್ಕ 'ಡಿ' ಇರುತ್ತದೆ. ಲಂಡನ್ನಿನ ವೂಲಿಚ್‌ನ ರಾಯಲ್ ಲ್ಯಾಬೊರೇಟರಿಯದಾದರೆ 'ಆರ್' ಮತ್ತು 'ಎಲ್'. 43 ಅಂದರೆ 1943.

ಇನ್ನು ರೋಮನ್ ಏಳು. .303 ಕಾಟ್ರಿಜ್ ಬ್ರಿಟಿಷ್ ಸೈನ್ಯಕ್ಕೆ 1880ರ ದಶಕದ ಕೊನೆಗೆ ಬಂತು. ಮೊದಲು ಅದರಲ್ಲಿ ಕರಿ ಮದ್ದು ಇತ್ತು. 1890ರ ದಶಕದ ಶುರುವಿಗೆ ಕಾರ್ಡೈಟ್ ಎಂಬ ಹೊಗೆ ಬಾರದ ಮದ್ದು ಬಂತು. ಹಳೇ ಕಾಟ್ರಿಜ್ ಬಿಚ್ಚಿದರೆ ಶ್ಯಾವಿಗೆ ಎಳೆಗಳ ಹಾಗೆ ಒಳಗೆ ಕಟ್ಟು ಕಟ್ಟಿ ಕೂತಿರುವುದು ಅದೇ. ಕಾರ್ಡೈಟ್ ಹೊಸದಾಗಿದ್ದ ಕಾಲದಲ್ಲಿ ತಳದಲ್ಲಿ 'ಸಿ' ಅಂತ ಹಾಕಿ ಪಕ್ಕದಲ್ಲಿ ಮಾದರಿಯ ಸಂಖ್ಯೆ ಹಾಕುತ್ತಿದ್ದರು. ಎಲ್ಲ ಕಾಟ್ರಿಜ್‌ಗೂ ಕಾರ್ಡೈಟೇ ಆದ ಮೇಲೆ 'ಸಿ' ಬಿಟ್ಟುಹೋಯಿತು. ಆರನೇ ಮಾದರಿಯ ತನಕ ಗುಂಡಿನ ಮೂತಿ ಗುಂಡಗಿತ್ತು, ತೂಕ ಸುಮಾರು 14 ಗ್ರಾಂ. 1910ರಲ್ಲಿ ಬಂದ ಏಳನೇ ಮಾದರಿಯಲ್ಲಿ ಮೂತಿ ಚೂಪಾಯಿತು, ತೂಕ 11 ಗ್ರಾಂ ಚಿಲ್ಲರೆಗೆ ಇಳಿಯಿತು, ವೇಗ ಜಾಸ್ತಿಯಾಯಿತು. ಎರಡೂ ಮಹಾಯುದ್ಧಗಳಲ್ಲಿ ಬ್ರಿಟಿಷ್ ಮತ್ತು ಭಾರತೀಯ ಸೈನಿಕರು ಹೆಚ್ಚಾಗಿ ಹಾರಿಸಿದ್ದು ಈ ಏಳನೇ ಮಾದರಿಯನ್ನೇ.

ಹಾಗಾಗಿ ರೋಮನ್ ಏಳು ಕಂಡರೆ 1910ರ ನಂತರದ್ದು ಅಂತ ವರ್ಷದ ಅಂಕಿ ಅಳಿಸಿಹೋಗಿದ್ದರೂ ಹೇಳಬಹುದು. ಏಳರ ಪಕ್ಕ 'ಝಡ್' ಇದ್ದರೆ ಒಳಗಿನ ಮದ್ದು ಕಾರ್ಡೈಟ್ ಅಲ್ಲ, ನೈಟ್ರೊಸೆಲ್ಯುಲೋಸ್ ಎಂಬ ಇನ್ನೊಂದು ಹೊಗೆ ಬಾರದ ಮದ್ದು. 'ಜಿ' ಇದ್ದರೆ ಹಾರುವಾಗ ಬೆಳಕಿನ ಗೆರೆ ಬಿಡುವ ಟ್ರೇಸರ್. 'ಡಬ್ಲ್ಯು' ಇದ್ದರೆ ಉಕ್ಕಿನ ತಗಡು ತೂರುವಂಥದ್ದು. 'ಬಿ' ಇದ್ದರೆ ಬೆಂಕಿ ಹಚ್ಚುವಂಥದ್ದು. ಪ್ರೈಮರ್ ಸುತ್ತ ಇರುವ ಬಣ್ಣದ ಗೆರೆಯೂ ಇದನ್ನೇ ಹೇಳುತ್ತದೆ. ನೇರಳೆ ಸಾಧಾರಣ ಗುಂಡಿಗೆ, ಕೆಂಪು ಟ್ರೇಸರ್‌ಗೆ, ಹಸಿರು ತೂರುವ ಗುಂಡಿಗೆ, ನೀಲಿ ಬೆಂಕಿ ಹಚ್ಚುವುದಕ್ಕೆ. ಮಣ್ಣಲ್ಲಿ ಹೂತಿದ್ದರೆ ಬಣ್ಣ ಮೊದಲು ಹೋಗುತ್ತದೆ. ಅಕ್ಷರ ಉಳಿಯುತ್ತದೆ.

ಡಮ್‌ಡಮ್ ಹೆಸರು ಬಂದಿದ್ದರಿಂದ ಒಂದು ಮಾತು. 1890ರ ದಶಕದಲ್ಲಿ ಅಲ್ಲಿನ ಕ್ಯಾಪ್ಟನ್ ಬರ್ಟಿ-ಕ್ಲೇ ಎಂಬ ಅಧಿಕಾರಿ ಗುಂಡಿನ ಮೂತಿಯ ಲೋಹದ ಹೊದಿಕೆ ತೆಗೆದು ಸೀಸ ಹೊರಗೆ ಕಾಣುವ ಹಾಗೆ ಮಾಡಿದರು. ಮೈಗೆ ಬಡಿದಾಗ ಅದು ಅರಳಿ ಗಾಯವನ್ನು ಭೀಕರ ಮಾಡುತ್ತಿತ್ತು. ವಾಯವ್ಯ ಗಡಿಯ ಬುಡಕಟ್ಟಿನ ಜನರ ಮೇಲೆ ಬಳಸಲೆಂದೇ ಮಾಡಿದ್ದು. 1899ರ ಹೇಗ್ ಘೋಷಣೆ ಇಂಥ ಗುಂಡುಗಳನ್ನು ಯುದ್ಧದಲ್ಲಿ ಬಳಸಬಾರದು ಅಂದಿತು. ನಮ್ಮ ದೇಶದ ಒಂದು ಊರಿನ ಹೆಸರು ಇಂದಿಗೂ ಜಗತ್ತಿನ ಎಷ್ಟೋ ಭಾಷೆಗಳಲ್ಲಿ ಆ ಗುಂಡಿಗೆ ಅಂಟಿಕೊಂಡಿದೆ. ಇದು ನನಗೆ ಪ್ರತಿ ಸಲವೂ ನೋವು ಕೊಡುವ ಸಂಗತಿ.

ಸ್ವಾತಂತ್ರ್ಯದ ನಂತರ ಬಾಣ ಹೋಯಿತು, 'ಕೆಎಫ್' ಉಳಿಯಿತು. 1960ರ ದಶಕದಲ್ಲಿ ಮಹಾರಾಷ್ಟ್ರದ ವರಣಗಾಂವ್‌ನಲ್ಲಿ ಇನ್ನೊಂದು ಕಾರ್ಖಾನೆ ಬಂತು. ಅದರ ಗುರುತು 'ಒಎಫ್‌ವಿ'. ನಮ್ಮ ನ್ಯಾಯಾಲಯಗಳ ತೀರ್ಪು ಓದಿ ನೋಡಿ. 'ತಳದಲ್ಲಿ ಕೆಎಫ್ 7.65 ಎಂದು ಬರೆದ ಖಾಲಿ ಕಾಟ್ರಿಜ್', '8 ಎಂಎಂ ಕೆಎಫ್' ಅನ್ನುವ ಮಾತು ಮತ್ತೆ ಮತ್ತೆ ಸಿಗುತ್ತದೆ. ಯಾಕೆ ಈ ಅಳತೆಗಳೇ? .303, 9 ಎಂಎಂನಂಥ ಸೈನ್ಯದ ಅಳತೆಗಳನ್ನು ನಮ್ಮ ಕಾನೂನು ಸಾಮಾನ್ಯ ಜನರಿಗೆ ಕೊಡುವುದಿಲ್ಲ. ಹಾಗಾಗಿ ಲೈಸೆನ್ಸ್ ಇರುವವರಿಗೆ .315 ರೈಫಲ್, .32 ಪಿಸ್ತೂಲು, .32 ರಿವಾಲ್ವರ್, 12 ಬೋರ್ ಬಂದೂಕು ಸಿಗುತ್ತವೆ. .315 ಅಂದರೂ 8 ಎಂಎಂ ಅಂದರೂ ಒಂದೇ. .32 ಪಿಸ್ತೂಲಿನ ಕಾಟ್ರಿಜ್‌ಗೇ 7.65 ಎಂಎಂ ಅನ್ನುತ್ತಾರೆ. ಕಾಟ್ರಿಜ್ ಸಿಗುವ ಅಳತೆಗೇ ನಾಡ ಪಿಸ್ತೂಲು ಮಾಡುವವರೂ ಪಿಸ್ತೂಲಿನ ನಳಿಗೆ ಕೊರೆಯುತ್ತಾರೆ. ಅದಕ್ಕೇ ಅಪರಾಧದ ಜಾಗದಲ್ಲೂ ಸರ್ಕಾರಿ ಕಾರ್ಖಾನೆಯ ಅಕ್ಷರ ಸಿಗುತ್ತದೆ. ಅಕ್ಷರ ಸರ್ಕಾರದ್ದು ಅಂತ ಹಾರಿಸಿದವರು ಸರ್ಕಾರದವರಾಗುವುದಿಲ್ಲ. ಹೀಗೆ ಹೇಳಿದರೆ ಇದು ಎಲ್ಲರಿಗೂ ಗೊತ್ತಿರುವ ಮಾತು ಅನ್ನಿಸುತ್ತದೆ. ಆದರೆ ಸುದ್ದಿ ಬಿಸಿಯಿದ್ದಾಗ ಜನ ಮೊದಲು ಮರೆಯುವುದು ಇದನ್ನೇ.

ಓದುವಾಗ ಆಗುವ ಕೆಲವು ಸಾಮಾನ್ಯ ತಪ್ಪುಗಳಿವೆ.

ಕೊಡಗಿನ ಮನೆಗಳಲ್ಲಿ ಬಂದೂಕು ದೇವರ ಕೋಣೆಯ ಪಕ್ಕದಲ್ಲೇ ಇರುವ ವಸ್ತು. ಕೊಡವರಿಗೂ ಜಮ್ಮಾ ಎಂಬ ವಂಶಪಾರಂಪರ್ಯದ ಜಮೀನಿನ ಹಿಡುವಳಿದಾರರಿಗೂ ಲೈಸೆನ್ಸಿನಿಂದ ವಿನಾಯಿತಿ ಬ್ರಿಟಿಷರ ಕಾಲದಿಂದ ಇದೆ. 2019ರಲ್ಲಿ ಕೇಂದ್ರ ಸರ್ಕಾರ ಅದನ್ನು 2029ರವರೆಗೆ ಮುಂದುವರಿಸಿತು. ಅಲ್ಲಿಂದ ಬರುವ ಹಳೇ ಕಾಟ್ರಿಜ್‌ಗಳ ಫೋಟೋಗಳಲ್ಲಿ ತಳದಲ್ಲಿ ಎದ್ದು ಕಾಣುವುದು 12 ಅನ್ನುವ ಅಂಕಿ. ಅದನ್ನು ನೋಡಿ 'ಇದು 1912ರದ್ದಾ?' ಅಂತ ಕೇಳುತ್ತಾರೆ. ಅಲ್ಲ. ಅದು ಬೋರ್. ಒಂದು ಪೌಂಡ್ ಸೀಸದಿಂದ ಸಮನಾದ 12 ಉಂಡೆ ಮಾಡಿದರೆ ಒಂದು ಉಂಡೆಯ ಅಗಲ ಎಷ್ಟೋ, ಬಂದೂಕಿನ ನಳಿಗೆಯ ಒಳಗಲ ಅಷ್ಟು. ಬೇಟೆಯ ಬಂದೂಕಿನ ಕಾಟ್ರಿಜ್ ಮೇಲೆ ವರ್ಷ ಹಾಕುವ ರೂಢಿ ಸಾಮಾನ್ಯವಾಗಿ ಇಲ್ಲ. ಅಲ್ಲಿ 'ಈಲಿ', 'ಕೈನೋಕ್' ಅಂತ ಕಂಪನಿ ಹೆಸರು ಇದ್ದರೆ ಆ ಹೆಸರು, ಅದನ್ನು ಬರೆದ ಬಗೆ, ಹಿತ್ತಾಳೆಯ ಎತ್ತರ, ಕೊಳವೆ ಕಾಗದದ್ದೋ ಪ್ಲಾಸ್ಟಿಕ್ಕಿನದ್ದೋ ಅನ್ನುವುದರಿಂದ ಕಾಲ ಅಂದಾಜು ಮಾಡಬೇಕು.

ಇನ್ನೊಂದು ತೊಂದರೆ, ವೃತ್ತಕ್ಕೆ ಮೇಲು ಕೆಳಗು ಇಲ್ಲ. ಸೋವಿಯತ್ ಒಕ್ಕೂಟ ಮತ್ತು ಚೀನಾದ ಕಾಟ್ರಿಜ್‌ಗಳಲ್ಲಿ ಬರೀ ಅಂಕಿಗಳು ಇರುವುದೇ ಜಾಸ್ತಿ. ಒಂದು ಕಡೆ ಕಾರ್ಖಾನೆಯ ಸಂಖ್ಯೆ, ಎದುರಿಗೆ ವರ್ಷ. 539 ಅಂದರೆ ತುಲಾ. 17 ಅಂದರೆ ಬರ್ನಾಉಲ್. 60 ಅಂದರೆ ಆಗಿನ ಫ್ರುಂಝೆ, ಈಗಿನ ಬಿಷ್ಕೆಕ್. ಈಗ 60 ಅನ್ನುವುದು ಕಾರ್ಖಾನೆಯೋ 1960ರೋ? 96 ತಲೆಕೆಳಗಾಗಿ ನೋಡಿದರೂ 96 ಆಗಿಯೇ ಕಾಣುತ್ತದೆ. 66 ಮಾತ್ರ 99 ಆಗುತ್ತದೆ. 81 ಹೋಗಿ 18 ಆಗುತ್ತದೆ. ಇದಕ್ಕೆ ಪರಿಹಾರ, ಎಲ್ಲ ಗುರುತನ್ನೂ ಗಡಿಯಾರದ ಸ್ಥಾನದಲ್ಲಿ ಬರೆದುಕೊಳ್ಳುವುದು. ಹನ್ನೆರಡರಲ್ಲಿ ಏನಿದೆ, ಮೂರರಲ್ಲಿ ಏನಿದೆ, ಆರರಲ್ಲಿ, ಒಂಬತ್ತರಲ್ಲಿ. ಸುಮ್ನೆ ಅಂಕಿ ಮಾತ್ರ ಬರೆದುಕೊಂಡು ಬಂದರೆ ಅದು ಯಾರಿಗೂ ಪ್ರಯೋಜನಕ್ಕೆ ಬಾರದು. ಸೋವಿಯತ್ ಕಾರ್ಖಾನೆಗಳು 1950ರ ದಶಕದ ಕೆಲವು ವರ್ಷ ಅಂಕಿಯ ಬದಲು ರಷ್ಯನ್ ಅಕ್ಷರವನ್ನೇ ವರ್ಷಕ್ಕೆ ಗುರುತಾಗಿ ಬಳಸಿದವು. ಅಂಕಿ ಕಾಣದಿದ್ದರೆ ವರ್ಷವೇ ಇಲ್ಲ ಅಂದುಕೊಳ್ಳಬಾರದು.

ಜರ್ಮನರದು ಬೇರೆಯದೇ ಕಥೆ. ಮೊದಲ ಮಹಾಯುದ್ಧದ ನಂತರದ ವರ್ಸೇಲ್ಸ್ ಒಪ್ಪಂದ ಅವರ ಆಯುಧ ತಯಾರಿಕೆಯನ್ನು ಕಟ್ಟಿಹಾಕಿತ್ತು. ಯಾವ ಕಾರ್ಖಾನೆ ಎಷ್ಟು ಮಾಡುತ್ತಿದೆ ಅಂತ ಹೊರಗೆ ಗೊತ್ತಾಗಬಾರದಿತ್ತು. ಹಾಗಾಗಿ ಕಂಪನಿ ಹೆಸರಿನ ಬದಲು ಮೊದಲು 'ಪಿ' ಮತ್ತು ಸಂಖ್ಯೆ, ಆಮೇಲೆ ಎರಡು ಮೂರು ಅಕ್ಷರದ ಸಂಕೇತ ಬಂತು. 'ಎ-ಯು-ಎಕ್ಸ್' ಅಂದರೆ ಮಾಗ್ಡೆಬರ್ಗ್‌ನ ಪೋಲ್ಟೆ ಕಾರ್ಖಾನೆ. ಪಕ್ಕದಲ್ಲೇ ಕೊಳವೆ ಹಿತ್ತಾಳೆಯದೋ ಉಕ್ಕಿನದೋ ಅನ್ನುವುದಕ್ಕೂ ಗುರುತು. ಯುದ್ಧ ಮುಂದುವರಿದ ಹಾಗೆ ತಾಮ್ರದ ಕೊರತೆಯಿಂದ ಉಕ್ಕಿನ ಕೊಳವೆಗಳು ಹೆಚ್ಚುತ್ತಾ ಹೋದದ್ದನ್ನು ಈ ತಳಗಳಲ್ಲೇ ನೋಡಬಹುದು.

ಸರಿ, ಈಗ ನಾನು ಹೇಳಲೇಬೇಕೆಂದು ಬಂದ ವಿಷಯ. ಕಾತಿನ್.

1939ರ ಸೆಪ್ಟೆಂಬರ್‌ನಲ್ಲಿ ಪೋಲೆಂಡನ್ನು ಪಶ್ಚಿಮದಿಂದ ಜರ್ಮನಿ, ಪೂರ್ವದಿಂದ ಸೋವಿಯತ್ ಒಕ್ಕೂಟ ಹಂಚಿಕೊಂಡವು. ಸಾವಿರಾರು ಪೋಲಿಷ್ ಅಧಿಕಾರಿಗಳು ಸೋವಿಯತ್ ಸೆರೆಯಲ್ಲಿ ಸಿಕ್ಕಿಬಿದ್ದರು. ಇವರಲ್ಲಿ ಎಷ್ಟೋ ಜನ ಯುದ್ಧಕ್ಕೆಂದು ಕರೆಸಿಕೊಂಡ ಡಾಕ್ಟರು, ಮೇಷ್ಟ್ರು, ವಕೀಲರು. 1940ರ ವಸಂತದ ನಂತರ ಅವರಿಂದ ಮನೆಗೆ ಕಾಗದ ಬರುವುದು ನಿಂತಿತು. 1943ರ ಏಪ್ರಿಲ್ 13ರಂದು ಬರ್ಲಿನ್ ರೇಡಿಯೋ ಒಂದು ಸುದ್ದಿ ಹೇಳಿತು. ಸ್ಮೊಲೆನ್ಸ್ಕ್ ಹತ್ತಿರದ ಕಾತಿನ್ ಕಾಡಿನಲ್ಲಿ ಪೋಲಿಷ್ ಅಧಿಕಾರಿಗಳ ಸಾಮೂಹಿಕ ಗೋರಿಗಳು ಸಿಕ್ಕಿವೆ, ಕೊಂದವರು ಸೋವಿಯತ್ತಿನವರು ಅಂತ. ಆಗ ಆ ಪ್ರದೇಶ ಜರ್ಮನ್ ಸೈನ್ಯದ ಕೈಯಲ್ಲಿತ್ತು. ಗೋರಿಗಳಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಶವ. ಹೆಚ್ಚಿನವರಿಗೆ ತಲೆಯ ಹಿಂಭಾಗಕ್ಕೆ ಗುಂಡು.

ಅಗೆದಾಗ ಖಾಲಿ ಕಾಟ್ರಿಜ್‌ಗಳು ಸಿಕ್ಕವು. ತಳ ತಿರುಗಿಸಿ ನೋಡಿದರೆ 'ಗೆಕೊ', '7.65', 'ಡಿ'. ಅಂದರೆ ಜರ್ಮನಿಯ ಗುಸ್ತಾವ್ ಗೆನ್‌ಶೋ ಕಂಪನಿ, ಕಾರ್ಲ್ಸ್‌ರೂಹೆ ಪಕ್ಕದ ಡುರ್ಲಾಖ್ ಊರಿನದು. ಕೊಂದವರು ಸೋವಿಯತ್ತಿನವರು ಅಂತ ಜಗತ್ತಿಗೆ ಸಾರುತ್ತಿದ್ದ ಜರ್ಮನರಿಗೆ ಸಿಕ್ಕಿದ್ದು ತಮ್ಮದೇ ದೇಶದ ಕಾಟ್ರಿಜ್! ಪ್ರಚಾರ ಮಂತ್ರಿ ಗೋಬೆಲ್ಸ್ ಇದರಿಂದ ಕಂಗಾಲಾಗಿ ಮೇ ತಿಂಗಳ ಡೈರಿಯಲ್ಲಿ ಬರೆದುಕೊಂಡಿದ್ದಾನೆ. ಇದು ಹೊರಗೆ ಬಂದರೆ ಕೆಟ್ಟೆವು ಅನ್ನುವ ಭಯ ಅವನದು. ಕಂಪನಿಯ ಹಳೇ ಲೆಕ್ಕ ನೋಡಿದಾಗ ವಿಷಯ ಗೊತ್ತಾಯಿತು. 1920ರ ದಶಕದಲ್ಲಿ ಗೆಕೊ ತನ್ನ ಪಿಸ್ತೂಲು ಕಾಟ್ರಿಜ್‌ಗಳನ್ನು ಪೋಲೆಂಡಿಗೆ, ಬಾಲ್ಟಿಕ್ ದೇಶಗಳಿಗೆ, ಸೋವಿಯತ್ ಒಕ್ಕೂಟಕ್ಕೇ ಮಾರಿತ್ತು.

ಸೋವಿಯತ್ತಿನ ಕೆಂಪು ಸೈನ್ಯ ಆ ಪ್ರದೇಶವನ್ನು ವಾಪಸ್ ಪಡೆದ ಮೇಲೆ 1944ರಲ್ಲಿ ಸೋವಿಯತ್ ಸರ್ಕಾರವೇ ನೇಮಿಸಿದ ಬುರ್ದೆಂಕೊ ಆಯೋಗ ಮತ್ತೆ ಗೋರಿ ಅಗೆದು, 1941ರಲ್ಲಿ ಜರ್ಮನರೇ ಕೊಂದರು ಎಂದಿತು. 1946ರಲ್ಲಿ ನಾಜಿ ನಾಯಕರ ನ್ಯೂರೆಂಬರ್ಗ್ ವಿಚಾರಣೆಯಲ್ಲಿ ಸೋವಿಯತ್ ವಕೀಲರು ಇದೇ ಗೆಕೊ 7.65 ಕಾಟ್ರಿಜ್‌ಗಳ ವಿಷಯ ಇರುವ ಜರ್ಮನ್ ಪತ್ರವನ್ನು ಸಾಕ್ಷಿಯಾಗಿ ಮುಂದಿಟ್ಟರು. ಕಾಟ್ರಿಜ್ ಜರ್ಮನಿಯದು, ಆದ್ದರಿಂದ ಕೊಂದವರು ಜರ್ಮನರು. ನ್ಯಾಯಾಲಯ ಅದನ್ನು ತೀರ್ಪಿನಲ್ಲಿ ಸೇರಿಸಲಿಲ್ಲ. ಆದರೆ ಸೋವಿಯತ್ ಸರ್ಕಾರ ನಾಲ್ಕು ದಶಕಕ್ಕೂ ಹೆಚ್ಚು ಕಾಲ ಅದೇ ಮಾತಿಗೆ ಅಂಟಿಕೊಂಡಿತು.

1990ರ ಏಪ್ರಿಲ್ 13ರಂದು ಗೋರ್ಬಚೋವ್ ಸರ್ಕಾರ ಒಪ್ಪಿಕೊಂಡಿತು. ಕೊಂದದ್ದು ತಮ್ಮ ರಹಸ್ಯ ಪೊಲೀಸ್ ಎನ್‌ಕೆವಿಡಿ. 1992ರಲ್ಲಿ 1940ರ ಮಾರ್ಚ್ 5ರ ಆದೇಶವೂ ಹೊರಗೆ ಬಂತು, ಸ್ಟಾಲಿನ್ ಸಹಿ ಸಮೇತ. ಕಾತಿನ್ ಮತ್ತು ಉಳಿದ ಜಾಗಗಳನ್ನು ಸೇರಿಸಿ ಸತ್ತವರು ಸುಮಾರು 22,000. ಆ ಜಾಗಗಳಲ್ಲಿ ಒಂದಾದ ಕಲಿನಿನ್ ಊರಿನ ಎನ್‌ಕೆವಿಡಿ ಮುಖ್ಯಸ್ಥನಾಗಿದ್ದ ಟೋಕರೆವ್ 1991ರಲ್ಲಿ ಹೇಳಿಕೆ ಕೊಟ್ಟ. ಕೊಲ್ಲಲು ಮಾಸ್ಕೋದಿಂದ ಬಂದ ಬ್ಲೋಖಿನ್ ಸೂಟ್‌ಕೇಸಿನಲ್ಲಿ ಜರ್ಮನಿಯ ವಾಲ್ಟರ್ ಪಿಸ್ತೂಲುಗಳನ್ನು ತಂದಿದ್ದ ಅಂತ. ಪಿಸ್ತೂಲು ಜರ್ಮನಿಯದು, ಕಾಟ್ರಿಜ್ ಜರ್ಮನಿಯದು, ಹಾರಿಸಿದ ಕೈ ಬೇರೆಯವರದು.

ಇಲ್ಲಿ ತಳ ಸುಳ್ಳು ಹೇಳಲಿಲ್ಲ. 'ಡುರ್ಲಾಖ್‌ನಲ್ಲಿ ನನ್ನನ್ನು ಮಾಡಿದರು' ಅಂತ ಹೇಳಿತು, ಅದು ನಿಜ. ಅಲ್ಲಿಂದ ಯಾವ ವ್ಯಾಪಾರಿಯ ಕೈ ದಾಟಿ, ಯಾವ ರೈಲು ಹತ್ತಿ, ಯಾವ ಗೋದಾಮಿನಲ್ಲಿ ಎಷ್ಟು ವರ್ಷ ಕೂತು ಆ ಕಾಡಿಗೆ ಬಂತು ಅನ್ನುವುದು ಅದರಲ್ಲಿ ಬರೆದಿರಲಿಲ್ಲ. ಆ ಭಾಗಕ್ಕೆ ಮಾರಾಟದ ಲೆಕ್ಕ ಬೇಕಾಯಿತು, ಶವಗಳ ಜೇಬಿನಲ್ಲಿ ಸಿಕ್ಕ ಕಾಗದಗಳ ತಾರೀಕು ಬೇಕಾಯಿತು, ಕೊನೆಗೆ ಒಂದು ಸಹಿ ಹಾಕಿದ ಆದೇಶ ಬೇಕಾಯಿತು. ಇತಿಹಾಸ ಓದುವ ನೀವು ಇದನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕು ಅನ್ನುವುದು ನನ್ನ ಆಸೆ.

ಈಗಿನ ಕಾಲದಲ್ಲೂ ಇದೇ ಕೆಲಸ ನಡೆಯುತ್ತಿದೆ, ಜವಾಬ್ದಾರಿಯಿಂದ ಮಾಡುವವರೂ ಇದ್ದಾರೆ. 2006ರ ಹೊತ್ತಿಗೆ ಪೂರ್ವ ಆಫ್ರಿಕಾದಲ್ಲಿ ಸಂಶೋಧಕರಿಗೆ ಎಕೆ ರೈಫಲ್‌ನ ಒಂದು ಬಗೆಯ ಕಾಟ್ರಿಜ್ ಸಿಗತೊಡಗಿತು. ದೇಶ, ಕಾರ್ಖಾನೆ ಹೇಳುವ ಗುರುತೇ ಇಲ್ಲ. ಕೀನ್ಯಾ, ಉಗಾಂಡಾ, ಸುಡಾನ್, ಹೀಗೆ ಒಂದಾದ ಮೇಲೆ ಒಂದು ದೇಶದಲ್ಲಿ ಸಿಕ್ಕಿತು. ಗುರುತು ಹಾಕದೇ ಇರುವುದೂ ಒಂದು ಗುರುತೇ, ಯಾರೋ ಬೇಕೆಂದೇ ಬಿಟ್ಟಿದ್ದಾರೆ. ಆದರೂ ಅವರು ಅವಸರದಿಂದ ಯಾರ ಹೆಸರನ್ನೂ ಹೇಳಲಿಲ್ಲ. ವರ್ಷಗಟ್ಟಲೆ ಪೆಟ್ಟಿಗೆ, ಪೊಟ್ಟಣ, ಹಡಗಿನ ಕಾಗದ ಹುಡುಕಿದರು. 2010ರ ಅಕ್ಟೋಬರ್‌ನಲ್ಲಿ ನೈಜೀರಿಯಾದ ಲಾಗೋಸ್ ಬಂದರಿನಲ್ಲಿ ಕಟ್ಟಡ ಸಾಮಗ್ರಿ ಅಂತ ಬರೆದ ಕಂಟೇನರ್‌ಗಳಲ್ಲಿ ಇರಾನಿನಿಂದ ಬಂದ ಆಯುಧ ಸಿಕ್ಕಿಬಿದ್ದವು. ಅಂಥ ಪುರಾವೆಗಳನ್ನೆಲ್ಲ ಜೋಡಿಸಿದ ಮೇಲೇ ಆ ಕಾಟ್ರಿಜ್ ಇರಾನಿನದು ಅಂತ ಹೇಳಿದರು.

ಹಾಗೆಯೇ ಕಾನ್‌ಫ್ಲಿಕ್ಟ್ ಆರ್ಮಮೆಂಟ್ ರಿಸರ್ಚ್ ಎಂಬ ಸಂಸ್ಥೆ ಇರಾಕ್ ಮತ್ತು ಸಿರಿಯಾದಲ್ಲಿ ಐಸಿಸ್‌ನಿಂದ ವಶವಾದ 40,000ಕ್ಕೂ ಹೆಚ್ಚು ಕಾಟ್ರಿಜ್‌ಗಳ ತಳ ನೋಡಿ 2017ರ ಡಿಸೆಂಬರ್‌ನಲ್ಲಿ ವರದಿ ಕೊಟ್ಟಿತು. ಅವುಗಳಲ್ಲಿ ಪೂರ್ವ ಯೂರೋಪಿನಲ್ಲಿ ಇತ್ತೀಚೆಗೆ ತಯಾರಾದವೂ ಇದ್ದವು. ಸಂಸ್ಥೆ ಅಲ್ಲಿಗೆ ನಿಲ್ಲಲಿಲ್ಲ. ತಯಾರಿಸಿದ ದೇಶಗಳಿಗೆ ಪತ್ರ ಬರೆದು 'ಈ ಸಾಲಿನದನ್ನು ಯಾರಿಗೆ ಮಾರಿದಿರಿ' ಅಂತ ಕೇಳಿತು. ಹೀಗೆ ಕೆಲವು ಆಯುಧಗಳು ಮೊದಲು ಅಮೆರಿಕಕ್ಕೋ ಸೌದಿ ಅರೇಬಿಯಾಕ್ಕೋ ಮಾರಾಟವಾಗಿ, ಅಲ್ಲಿಂದ ಸಿರಿಯಾದ ಗುಂಪುಗಳಿಗೆ ಹೋಗಿ, ಐಸಿಸ್ ಕೈ ಸೇರಿದ್ದು ಗೊತ್ತಾಯಿತು.

ಕೊನೆಗೆ, ತಳದಲ್ಲಿ ಎರಡು ಬಗೆಯ ಬರಹ ಇರುತ್ತದೆ. ಕಾರ್ಖಾನೆ ಬರೆದದ್ದು ಒಂದು. ಬಂದೂಕು ಬರೆದದ್ದು ಇನ್ನೊಂದು. ಹಾರಿಸಿದಾಗ ಪಿನ್ನು ಪ್ರೈಮರ್ ಮೇಲೆ ಗುಳಿ ಮಾಡುತ್ತದೆ. ಒತ್ತಡಕ್ಕೆ ಕೊಳವೆಯ ತಳ ಹಿಂದಿನ ಉಕ್ಕಿಗೆ ಒತ್ತಿಕೊಂಡು ಅದರ ಮೇಲಿನ ಸಣ್ಣ ಗೀರುಗಳ ಅಚ್ಚು ಹಿಡಿಯುತ್ತದೆ. ಖಾಲಿ ಕೊಳವೆಯನ್ನು ಎಳೆದು ಹೊರಗೆ ಹಾಕುವ ಕೊಕ್ಕೆಯೂ ಗೀರು ಬಿಡುತ್ತದೆ. ಈ ಬಂದೂಕೇ ಹಾರಿಸಿತು ಅಂತ ಹೇಳಲು ನೋಡಬೇಕಾದದ್ದು ಇವುಗಳನ್ನು.

ಷಿಕಾಗೋದಲ್ಲಿ 1929ರ ಫೆಬ್ರುವರಿ 14ರಂದು ಏಳು ಜನರನ್ನು ಗೋಡೆಗೆ ನಿಲ್ಲಿಸಿ ಕೊಂದರು. ಕೊಂದವರಲ್ಲಿ ಕೆಲವರು ಪೊಲೀಸ್ ಬಟ್ಟೆ ಹಾಕಿದ್ದರು. ಪೊಲೀಸರೇ ಕೊಂದರಾ ಅನ್ನುವ ಅನುಮಾನ ಎದ್ದಿತು. ಕ್ಯಾಲ್ವಿನ್ ಗೊಡಾರ್ಡ್ ಎಂಬ ತಜ್ಞ ಅಲ್ಲಿ ಸಿಕ್ಕ 70 ಖಾಲಿ .45 ಕಾಟ್ರಿಜ್‌ಗಳನ್ನು ನೋಡಿದ. ಕಾರ್ಖಾನೆಯ ಮುದ್ರೆ ಎಲ್ಲದರಲ್ಲೂ ಒಂದೇ, ಅದರಿಂದ ಆಗುವುದೇನಿಲ್ಲ. ಸೂಕ್ಷ್ಮದರ್ಶಕದಲ್ಲಿ ಬಂದೂಕಿನ ಗುರುತುಗಳನ್ನು ಹೋಲಿಸಿದಾಗ ಎರಡು ಥಾಂಪ್ಸನ್ ಮೆಷಿನ್ ಗನ್‌ಗಳಿಂದ ಹಾರಿಸಿದ್ದು ಅಂತ ಗೊತ್ತಾಯಿತು. ಪೊಲೀಸರ ಥಾಂಪ್ಸನ್‌ಗಳಿಂದ ಹಾರಿಸಿ ನೋಡಿದ, ಹೊಂದಲಿಲ್ಲ. ವರ್ಷದ ಕೊನೆಗೆ ಮಿಷಿಗನ್‌ನಲ್ಲಿ ಫ್ರೆಡ್ ಬರ್ಕ್ ಎಂಬ ಪಾತಕಿಯ ಮನೆಯಲ್ಲಿ ಸಿಕ್ಕ ಎರಡು ಬಂದೂಕು ಹೊಂದಿದವು.

ನಮ್ಮಲ್ಲೂ ಇದೇ ವಿದ್ಯೆ ಕೆಲಸಕ್ಕೆ ಬಂದಿದೆ. 2015ರ ಆಗಸ್ಟ್ 30ರಂದು ಧಾರವಾಡದಲ್ಲಿ ಎಂ.ಎಂ. ಕಲಬುರ್ಗಿ ಅವರ ಹತ್ಯೆಯಾಯಿತು. 2017ರ ಸೆಪ್ಟೆಂಬರ್ 5ರಂದು ಬೆಂಗಳೂರಿನಲ್ಲಿ ಗೌರಿ ಲಂಕೇಶ್ ಅವರ ಹತ್ಯೆಯಾಯಿತು. ಎರಡಕ್ಕೂ ಒಂದೇ 7.65 ಎಂಎಂ ನಾಡ ಪಿಸ್ತೂಲು ಬಳಕೆಯಾಗಿದೆ ಅಂತ ವಿಧಿವಿಜ್ಞಾನ ಪ್ರಯೋಗಾಲಯದ ವರದಿಯ ಆಧಾರದಲ್ಲಿ ವಿಶೇಷ ತನಿಖಾ ದಳ ಹೇಳಿತು. ಎರಡು ವರ್ಷ, ನಾನೂರು ಕಿಲೋಮೀಟರ್ ದೂರದ ಎರಡು ಮನೆ ಬಾಗಿಲುಗಳ ನಡುವೆ ಆ ನಂಟು ಜೋಡಿಸಿದ್ದು ಇಂಥ ಗೀರು, ಗುಳಿಗಳ ಹೋಲಿಕೆ. ಕಾರ್ಖಾನೆಯ ಅಕ್ಷರ ಒಂದೇ ಇದ್ದಿದ್ದರೆ 'ಒಂದೇ ಬಗೆಯ ಕಾಟ್ರಿಜ್' ಅನ್ನುವಲ್ಲಿಗೆ ಮಾತು ನಿಲ್ಲುತ್ತಿತ್ತು.

ಇನ್ನು ಪ್ರಶ್ನೆಗಳು.

ಒಬ್ಬ ವಿದ್ಯಾರ್ಥಿನಿ ಕೇಳಿದರು: 'ಸರ್, ಅಕ್ಷರ ಸವೆದುಹೋಗಿದ್ದರೆ ಫೋಟೋ ತೆಗೆಯುವುದು ಹೇಗೆ?'

ಫ್ಲ್ಯಾಶ್ ಹಾಕಬೇಡಿ. ಹಿತ್ತಾಳೆ ಹೊಳೆದು ಏನೂ ಕಾಣುವುದಿಲ್ಲ. ಕ್ಯಾಮೆರಾ ನೇರ ಮೇಲೆ ಇರಲಿ, ಟಾರ್ಚಿನ ಬೆಳಕು ಒಂದು ಪಕ್ಕದಿಂದ, ಹೆಚ್ಚುಕಡಿಮೆ ಮೇಜಿನ ಮಟ್ಟದಲ್ಲಿ ಬೀಳಲಿ. ಆಗ ಅಕ್ಷರದ ತಗ್ಗಿನಲ್ಲಿ ನೆರಳು ಕೂರುತ್ತದೆ. ಟಾರ್ಚನ್ನು ಸುತ್ತ ತಿರುಗಿಸುತ್ತಾ ನಾಲ್ಕಾರು ಫೋಟೋ ತೆಗೆಯಿರಿ. ಒಂದರಲ್ಲಿ ಕಾಣದ ಗೆರೆ ಇನ್ನೊಂದರಲ್ಲಿ ಕಾಣುತ್ತದೆ. ಪಕ್ಕದಲ್ಲಿ ಅಳತೆ ಪಟ್ಟಿ ಇಡಿ. ಕೊಳವೆಯ ಪಕ್ಕದ ನೋಟ, ಉದ್ದ, ತಳದ ಅಗಲ ಕೂಡ ಬೇಕು. ಹುಣಸೆಹಣ್ಣು ಹಾಕಿ ಉಜ್ಜಬೇಡಿ. ಹೊಳಪು ಬರುತ್ತದೆ, ಬಣ್ಣದ ಗೆರೆ ಮತ್ತು ಬಂದೂಕಿನ ಗೀರು ಎರಡೂ ಹೋಗುತ್ತವೆ.

ಇನ್ನೊಬ್ಬರ ಪ್ರಶ್ನೆ: 'ಖಾಲಿ ಕೊಳವೆಗೆ ಮತ್ತೆ ಮದ್ದು ತುಂಬಿ ಬಳಸುತ್ತಾರಲ್ಲ, ಆಗ?'

ಒಳ್ಳೇ ಪ್ರಶ್ನೆ. ಆಗ ತಳದ ಅಕ್ಷರ ಕೊಳವೆಯ ಬಗ್ಗೆ ಮಾತ್ರ ನಿಜ. ಒಳಗಿನ ಮದ್ದು, ಮುಂದಿನ ಗುಂಡು, ಪ್ರೈಮರ್ ಬೇರೆಯವರದು, ಬೇರೆ ಕಾಲದ್ದು. ಪ್ರೈಮರ್ ಸುತ್ತ ಮತ್ತೆ ಕೂರಿಸಿದ ಗುರುತು, ಬಾಯಿಯ ಹತ್ತಿರ ಗೀರು ಇದೆಯಾ ಅಂತ ನೋಡಬೇಕು.

ಕೊನೆಯ ಪ್ರಶ್ನೆ ಕೇಳಿದವರು ಹಿರಿಯರೊಬ್ಬರು: 'ನಮ್ಮ ತಾತ ಸೈನ್ಯದಲ್ಲಿದ್ದರು. ಅವರ ಟ್ರಂಕಿನಲ್ಲಿ ಇಂಥದ್ದೊಂದು ಇದೆ, ಮುಂದೆ ಗುಂಡೂ ಇದೆ. ಏನು ಮಾಡಲಿ?'

ಗುಂಡು ಇದ್ದು ಪ್ರೈಮರ್ ಮೇಲೆ ಗುಳಿ ಇಲ್ಲದಿದ್ದರೆ ಅದು ಜೀವಂತ ಅಂತಲೇ ತಿಳಿಯಿರಿ. ಗುಳಿ ಇದ್ದರೂ ಸಿಡಿಯದೇ ಉಳಿದದ್ದು ಇರಬಹುದು. ಎಂಬತ್ತು ವರ್ಷ ಹಳೆಯದಾದರೂ ಮದ್ದು ಸತ್ತಿರುತ್ತದೆ ಅನ್ನುವ ಖಾತ್ರಿ ಇಲ್ಲ. ಬಿಚ್ಚಬೇಡಿ, ಬಡಿಯಬೇಡಿ, ಬಿಸಿಲಲ್ಲಿ ಇಡಬೇಡಿ, ಮಕ್ಕಳ ಕೈಗೆ ಕೊಡಬೇಡಿ. ಲೈಸೆನ್ಸ್ ಇಲ್ಲದೆ ಜೀವಂತ ಕಾಟ್ರಿಜ್ ಇಟ್ಟುಕೊಳ್ಳುವುದು 1959ರ ಶಸ್ತ್ರಾಸ್ತ್ರ ಕಾಯ್ದೆಯಡಿ ಅಪರಾಧ. ಗೊತ್ತಿದ್ದೂ ಇಟ್ಟುಕೊಂಡಿದ್ದರೆ ಮಾತ್ರ ಅದು ಅಪರಾಧ ಅಂತ ಸುಪ್ರೀಂ ಕೋರ್ಟ್ 1994ರಲ್ಲಿ ಹೇಳಿದೆ. ಆದರೆ ಈಗ ನಿಮಗೆ ಗೊತ್ತಾಗಿದೆ. ಅದನ್ನು ಬ್ಯಾಗಿನಲ್ಲಿ ಹಾಕಿಕೊಂಡು ಠಾಣೆಗೆ ಹೋಗುವುದೂ ಬೇಡ. ಇದ್ದ ಜಾಗದಲ್ಲೇ ಬಿಟ್ಟು, ಠಾಣೆಗೋ 112ಕ್ಕೋ ಫೋನ್ ಮಾಡಿ ಅವರನ್ನೇ ಕರೆಸಿ. ತಳದ ಫೋಟೋ ಒಂದು ತೆಗೆದಿಟ್ಟುಕೊಳ್ಳಿ. ತಾತನವರ ಸೇವಾ ಪುಸ್ತಕ ಇದ್ದರೆ ಅದನ್ನೂ ತೆಗೆದುಕೊಂಡು ಬನ್ನಿ, ಅವರು ಯಾವ ವರ್ಷ ಎಲ್ಲಿದ್ದರು ಅನ್ನುವುದರ ಪಕ್ಕ ಇಟ್ಟು ನೋಡೋಣ.